ಇಬ್ಬರು ನಿರ್ದೇಶಕರು, ಒಂದು ದೋಣಿ, ವಿವರಣೆಯಿಲ್ಲದ ಸಾಕ್ಷ್ಯಚಿತ್ರ

ಪ್ರಶ್ನೆ: ನಮ್ಮ ಊರು ಮಲ್ಪೆ ಬಂದರಿನ ಹತ್ತಿರ. ನಾನೂ ನನ್ನ ಗೆಳೆಯನೂ ಮೊನ್ನೆ ‘ಲೆವಿಯಾಥನ್’ ಎಂಬ ಸಾಕ್ಷ್ಯಚಿತ್ರ ನೋಡಿದೆವು. ಮೀನುಗಾರಿಕೆಯ ಬಗ್ಗೆ ಎಂದು ಕೇಳಿ ಕುಳಿತರೆ, ಸುಮಾರು ಒಂದೂವರೆ ಗಂಟೆ ಯಾರೂ ಏನನ್ನೂ ವಿವರಿಸಲಿಲ್ಲ. ನನಗೆ ಬಹಳ ಹಿಡಿಸಿತು. ಗೆಳೆಯನಿಗೆ ಸಿಟ್ಟು ಬಂತು. ಇಂಥದ್ದನ್ನು ಸಾಕ್ಷ್ಯಚಿತ್ರ ಎನ್ನಬಹುದೇ? ನಿರ್ದೇಶಕರೆಂದು ಇಬ್ಬರ ಹೆಸರಿದೆ. ಕಥೆಯೂ ನಟರೂ ಇಲ್ಲದ ಚಿತ್ರವನ್ನು ಇಬ್ಬರು ನಿರ್ದೇಶಿಸುವುದೆಂದರೆ ಏನು? ನಾವಿಬ್ಬರೂ ಮಲ್ಪೆಯ ಟ್ರಾಲ್ ಬೋಟೊಂದರಲ್ಲಿ ಇಂಥ ಚಿತ್ರ ಮಾಡಬೇಕೆಂದಿದ್ದೇವೆ. ಎಲ್ಲಿಂದ ಶುರು ಮಾಡಬೇಕು?

ಉತ್ತರ: ಮೊದಲು ನಿಮ್ಮ ಗೆಳೆಯರ ಸಿಟ್ಟಿನ ವಿಷಯ. ಅದನ್ನು ತಣಿಸಲು ಹೋಗಬೇಡಿ. ಇಬ್ಬರೂ ಸೇರಿ ಚಿತ್ರ ಮಾಡುವುದೇ ನಿಜವಾದರೆ ನಿಮ್ಮ ಮೆಚ್ಚುಗೆಗಿಂತ ಅವರ ಸಿಟ್ಟೇ ಹೆಚ್ಚು ಕೆಲಸಕ್ಕೆ ಬರುತ್ತದೆ. ಏಕೆಂದು ಮುಂದೆ ಹೇಳುತ್ತೇನೆ.

ನೀವು ನೋಡಿದ್ದು 2012ರ ಚಿತ್ರ. (2014ರಲ್ಲಿ ಅದೇ ಹೆಸರಿನ ರಷ್ಯನ್ ಕಥಾಚಿತ್ರವೊಂದು ಬಂತು, ಹುಡುಕುವಾಗ ಅದು ಎದುರಾದರೆ ಗೊಂದಲ ಮಾಡಿಕೊಳ್ಳಬೇಡಿ.) ನಿರ್ದೇಶಕರು ಲೂಸಿಯನ್ ಕಾಸ್ಟೇಂಗ್-ಟೇಲರ್ ಮತ್ತು ವೆರೆನಾ ಪಾರಾವೆಲ್. ಇಬ್ಬರೂ ಮಾನವಶಾಸ್ತ್ರದ ಹಿನ್ನೆಲೆಯವರು. ಇಂಗ್ಲೆಂಡಿನ ಕಾಸ್ಟೇಂಗ್-ಟೇಲರ್ 2006ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾಲಯದಲ್ಲಿ ‘ಸೆನ್ಸರಿ ಎತ್ನೋಗ್ರಫಿ ಲ್ಯಾಬ್’ ಆರಂಭಿಸಿದರು. ಫ್ರೆಂಚ್ ಮೂಲದ ಪಾರಾವೆಲ್ ಅಲ್ಲಿ ಅವರ ಜೊತೆಗೂಡಿದರು. ಜನರ ಬದುಕನ್ನು ಕುರಿತು ಮಾನವಶಾಸ್ತ್ರ ರಾಶಿ ರಾಶಿ ಬರೆದಿದೆ. ಆದರೆ ಕೈಗೆ, ಬೆನ್ನಿಗೆ, ಕಿವಿಗೆ ಗೊತ್ತಿರುವ ಎಷ್ಟೋ ಸಂಗತಿಗಳು ಬರಹಕ್ಕೆ ಸಿಕ್ಕುವುದೇ ಇಲ್ಲ, ಅವನ್ನು ಚಿತ್ರದಲ್ಲಿ, ಶಬ್ದದಲ್ಲಿ ಹಿಡಿಯಬೇಕು ಎಂಬುದು ಆ ಪ್ರಯೋಗಾಲಯದ ಹಟ.

ಅಮೆರಿಕದ ಮ್ಯಾಸಚೂಸೆಟ್ಸ್ ಕರಾವಳಿಯ ನ್ಯೂ ಬೆಡ್‌ಫರ್ಡ್ ಒಂದು ಕಾಲಕ್ಕೆ ತಿಮಿಂಗಿಲ ಬೇಟೆಗೆ ಹೆಸರಾದ ಬಂದರು. ಇವರಿಬ್ಬರೂ ಮೊದಲು ಅಲ್ಲಿ ದಡದ ಮೇಲೆ ಚಿತ್ರೀಕರಣ ಮಾಡುತ್ತಿದ್ದರು. ಬಂದರಿನ ಸುತ್ತಲಿನ ಉದ್ಯಮಗಳು, ಊರಿನ ಬದುಕು, ಇಂಥವು. ಸಮುದ್ರಕ್ಕೆ ಹೋಗುವ ಅವಕಾಶ ಸಿಕ್ಕಿತು, ಹೋದರು. ಮರಳಿ ಬಂದು ನೋಡಿದರೆ ದಡದಲ್ಲಿ ತೆಗೆದದ್ದೆಲ್ಲ ಸಪ್ಪೆ. ಅಷ್ಟನ್ನೂ ಬದಿಗಿಟ್ಟು ಚಿತ್ರವನ್ನು ಪೂರ್ತಿಯಾಗಿ ದೋಣಿಯ ಮೇಲೆ, ದೋಣಿಯ ಸುತ್ತಲಿನ ನೀರಿನಲ್ಲಿ ಕಟ್ಟಿದರು. ದುಡಿದು ತೆಗೆದ ದೃಶ್ಯವನ್ನು ಬಿಸಾಡಲು ಎಷ್ಟು ಗಟ್ಟಿ ಮನಸ್ಸು ಬೇಕೆಂಬುದು ಸಂಕಲನದ ಮೇಜಿಗೆ ಕುಳಿತವರಿಗೆ ಗೊತ್ತು. ಒಬ್ಬರೇ ಇದ್ದರೆ ಆ ದೃಶ್ಯಗಳ ಮೇಲಿನ ಮಮತೆ ಬಿಡುವುದಿಲ್ಲ. ಪಕ್ಕದಲ್ಲಿ ಕುಳಿತವರು ಆಕಳಿಸಿದರೆ ಬಿಟ್ಟುಬಿಡುತ್ತದೆ.

ಈಗ ಆ ಚಿತ್ರದ ಎರಡು ದೃಶ್ಯಗಳನ್ನು ನೆನಪಿಸಿಕೊಳ್ಳಿ. ಒಂದರಲ್ಲಿ ಕ್ಯಾಮೆರಾ ಡೆಕ್ಕಿನ ತಳದಲ್ಲಿ, ಸತ್ತ ಮೀನುಗಳ ನಡುವೆ ಬಿದ್ದಿದೆ. ದೋಣಿ ಒಂದು ಕಡೆ ವಾಲಿದರೆ ನೀರು, ರಕ್ತ, ಕತ್ತರಿಸಿದ ತಲೆಗಳು ಎಲ್ಲವೂ ನಮ್ಮ ಮೇಲೆ ಬರುತ್ತವೆ; ಇನ್ನೊಂದು ಕಡೆ ವಾಲಿದರೆ ಹಿಂದಕ್ಕೆ ಸರಿಯುತ್ತವೆ. ಬಾಯಿ ತೆರೆದ ಮೀನೊಂದರ ಕಣ್ಣು ಪರದೆಯ ತುಂಬ ಬಂದು ನಿಲ್ಲುತ್ತದೆ, ಮತ್ತೆ ಜಾರಿ ಹೋಗುತ್ತದೆ. ಕ್ಯಾಮೆರಾ ಹಿಡಿದವರು ಯಾರು? ಚಿತ್ರ ನೋಡಿ ಹೇಳಲಾಗುವುದಿಲ್ಲ. ಅಂಗೈಯಗಲದ ಗೋಪ್ರೋ ಕ್ಯಾಮೆರಾಗಳನ್ನು ಅವರು ಮೀನುಗಾರರ ಮೈಗೆ ಕಟ್ಟಿದ್ದರು, ಉದ್ದನೆಯ ಕೋಲಿನ ತುದಿಗೆ ಸಿಕ್ಕಿಸಿ ನೀರಿಗೆ ಇಳಿಬಿಟ್ಟಿದ್ದರು, ಹಕ್ಕಿಗಳ ನಡುವೆ ಎತ್ತಿ ಹಿಡಿದಿದ್ದರು. ಕೆಲವು ಕ್ಯಾಮೆರಾಗಳು ಸಮುದ್ರದ ಪಾಲಾದವು. ಕಣ್ಣಿಗೆ ಒತ್ತಿ ಹಿಡಿಯುವ ಕ್ಯಾಮೆರಾ ಹಿಡಿದವನ ದೃಷ್ಟಿಯನ್ನು ತೋರಿಸುತ್ತದೆ. ಮಣಿಕಟ್ಟಿಗೆ ಕಟ್ಟಿದ ಕ್ಯಾಮೆರಾ ಕೆಲಸವನ್ನೇ ತೋರಿಸುತ್ತದೆ. ಚಾಕು ಎಲ್ಲಿಗೆ ಹೋಗುತ್ತದೋ ಅದೂ ಅಲ್ಲಿಗೆ ಹೋಗುತ್ತದೆ.

ಇನ್ನೊಂದು ದೃಶ್ಯ ಇದಕ್ಕೆ ತದ್ವಿರುದ್ಧ. ದೋಣಿಯ ಒಳಗಿನ ಊಟದ ಕೋಣೆ. ಮೀನುಗಾರನೊಬ್ಬ ಟಿವಿಯ ಕಡೆಗೆ ಮುಖ ಮಾಡಿ ಕುಳಿತಿದ್ದಾನೆ. ಟಿವಿ ನಮಗೆ ಕಾಣುವುದಿಲ್ಲ, ಅದರ ಸದ್ದು ಮಾತ್ರ ಕೇಳುತ್ತದೆ. ಕ್ಯಾಮೆರಾ ಕದಲುವುದಿಲ್ಲ. ರೆಪ್ಪೆ ಭಾರವಾಗುತ್ತದೆ, ಮುಚ್ಚುತ್ತದೆ, ತೆರೆಯುತ್ತದೆ, ತಲೆ ತೂಗುತ್ತದೆ. ನಿಮಿಷಗಳು ಹೋಗುತ್ತವೆ, ಅಷ್ಟೇ. ‘ಮೀನುಗಾರರಿಗೆ ಸರಿಯಾದ ವಿಶ್ರಾಂತಿ ಇರುವುದಿಲ್ಲ’ ಎಂದು ಹಿನ್ನೆಲೆಯಲ್ಲಿ ಗಂಭೀರ ಕಂಠವೊಂದು ಹೇಳಿದ್ದರೆ ನಾಲ್ಕು ಸೆಕೆಂಡಿನಲ್ಲಿ ಮುಗಿಯುತ್ತಿತ್ತು. ಆಮೇಲೆ ನಾವು ಅದನ್ನು ಮರೆತೂ ಬಿಡುತ್ತಿದ್ದೆವು. ಇಲ್ಲಿ ನಮಗೂ ತೂಕಡಿಕೆ ಬರುತ್ತದೆ. ಇಡೀ ಚಿತ್ರದಲ್ಲಿ ನನಗೆ ಇದೇ ಶ್ರೇಷ್ಠ ದೃಶ್ಯ. ಹಕ್ಕಿಗಳನ್ನು ತಲೆಕೆಳಗಾಗಿ ತೋರಿಸುವ ಭಾಗಗಳನ್ನು ಹೊಗಳುವವರು ಬಹಳ; ನನಗೆ ಅಲ್ಲಿ ಚಿತ್ರ ಸ್ವಲ್ಪ ತನ್ನನ್ನೇ ಮೆಚ್ಚಿಕೊಂಡಂತೆ ಕಾಣುತ್ತದೆ.

ಇದನ್ನು ಸಾಕ್ಷ್ಯಚಿತ್ರ ಎನ್ನಬಹುದೇ ಎಂದು ಕೇಳಿದ್ದೀರಿ. ಈ ಅನುಮಾನ ನಮಗೆ ಬರುವುದಕ್ಕೆ ಒಂದು ಕಾರಣವಿದೆ. ನಮ್ಮ ಹಿಂದಿನ ತಲೆಮಾರಿನವರು ಚಿತ್ರಮಂದಿರದಲ್ಲಿ ಮುಖ್ಯ ಚಿತ್ರಕ್ಕೆ ಮುಂಚೆ ಫಿಲ್ಮ್ಸ್ ಡಿವಿಷನ್‌ನ ಚಿತ್ರಗಳನ್ನು ಕಡ್ಡಾಯವಾಗಿ ನೋಡಬೇಕಿತ್ತು. 1948ರಲ್ಲಿ ಶುರುವಾದ ಆ ಸಂಸ್ಥೆಯಲ್ಲಿ ಪ್ರಮೋದ್ ಪತಿಯವರಂಥ ದೊಡ್ಡ ಪ್ರಯೋಗಶೀಲರೂ ಇದ್ದರು. ಆದರೆ ಜನರ ಕಿವಿಯಲ್ಲಿ ಉಳಿದದ್ದು ಆ ನಿರೂಪಕನ ಕಂಠ. ಅಣೆಕಟ್ಟು ತೋರಿಸಿ ಇದು ಅಣೆಕಟ್ಟು ಎನ್ನುವ ಕಂಠ. ಸಾಕ್ಷ್ಯಚಿತ್ರ ಎಂದರೆ ಅದೇ ಎಂದು ನಾವು ನಂಬಿಕೊಂಡುಬಿಟ್ಟೆವು. ಆ ಪರಂಪರೆಯ ಆರಂಭವೇ ಹಾಗಿರಲಿಲ್ಲ. ಬ್ರಿಟನ್ನಿನಲ್ಲಿ ಸಾಕ್ಷ್ಯಚಿತ್ರ ಚಳವಳಿಯನ್ನು ಕಟ್ಟಿದ ಜಾನ್ ಗ್ರೀರ್ಸನ್ 1929ರಲ್ಲಿ ಮಾಡಿದ ‘ಡ್ರಿಫ್ಟರ್ಸ್’ ಮೂಕಿ ಚಿತ್ರ. ವಿಷಯ ಯಾವುದು ಗೊತ್ತೇ? ಉತ್ತರ ಸಮುದ್ರದ ಹೆರಿಂಗ್ ಮೀನುಗಾರಿಕೆ. ನೀವು ಏರಬೇಕೆಂದಿರುವ ದೋಣಿಯನ್ನು ಸಾಕ್ಷ್ಯಚಿತ್ರಕಾರರು ಏರಿ ಹತ್ತಿರ ಹತ್ತಿರ ನೂರು ವರ್ಷವಾಯಿತು.

ಹಾಗೆಂದು ನಿರೂಪಣೆ ತೆಗೆದ ಮಾತ್ರಕ್ಕೆ ಚಿತ್ರ ಕಾವ್ಯವಾಗುವುದಿಲ್ಲ. ನನ್ನ ಬಳಿ ಬರುವ ವಿದ್ಯಾರ್ಥಿಗಳ ಎಷ್ಟೋ ಚಿತ್ರಗಳಲ್ಲಿ ಮಂಜು, ಅಜ್ಜಿಯ ಸುಕ್ಕುಗಟ್ಟಿದ ಕೈ, ನಿಧಾನಗತಿಯಲ್ಲಿ ಹಾರುವ ಹಕ್ಕಿ, ಹಿನ್ನೆಲೆಯಲ್ಲಿ ಕೊಳಲು ಇರುತ್ತವೆ. ‘ಇದು ಪೊಯೆಟಿಕ್ ಸಾರ್’ ಎನ್ನುತ್ತಾರೆ. ಇಂಥ ಚಿತ್ರಗಳಲ್ಲಿ ವಾದವನ್ನು ನಿರೂಪಕ ಮಾಡುವುದಿಲ್ಲ. ಕ್ಯಾಮೆರಾ ಎಲ್ಲಿ ನಿಂತಿದೆ, ಶಾಟ್ ಎಷ್ಟು ಹೊತ್ತು ಉಳಿಯುತ್ತದೆ, ಯಾವುದನ್ನು ತೋರಿಸದೆ ಬಿಟ್ಟಿದ್ದಾರೆ ಎಂಬ ತೀರ್ಮಾನಗಳು ಮಾಡುತ್ತವೆ. ಆ ತೀರ್ಮಾನಗಳಿಗೆ ಕಾರಣ ಕೊಡಲು ಬಾರದಿದ್ದರೆ ಉಳಿಯುವುದು ಅಲಂಕಾರ ಮಾತ್ರ. ಕಾರಣ ಕೊಡುವ ಅಭ್ಯಾಸ ಬೆಳೆಯಬೇಕಾದರೆ ಕೇಳುವವರೊಬ್ಬರು ಬೇಕು. ಈ ಬಗೆಯ ಸಿನಿಮಾದಲ್ಲಿ ಜೋಡಿಗಳು ಇಷ್ಟು ಕಾಣಿಸಿಕೊಳ್ಳುವುದು ಇದಕ್ಕೇ ಎಂದು ನನ್ನ ಎಣಿಕೆ. ಕಥಾಚಿತ್ರಕ್ಕೆ ಚಿತ್ರಕಥೆ ಎಂಬ ಒರೆಗಲ್ಲು ಇರುತ್ತದೆ. ವಿವರಣೆಯ ಸಾಕ್ಷ್ಯಚಿತ್ರಕ್ಕೆ ವಿಷಯವೇ ಒರೆಗಲ್ಲು. ಇವೆರಡೂ ಇಲ್ಲದ ಕಡೆ ಎರಡನೆಯ ವ್ಯಕ್ತಿಯೇ ಆ ಕೆಲಸ ಮಾಡಬೇಕು.

ಈ ‘ಇಬ್ಬರು’ ಎನ್ನುವುದು ಎಲ್ಲ ಕಡೆಯೂ ಒಂದೇ ಥರ ಇರುವುದಿಲ್ಲ. ಕಾಸ್ಟೇಂಗ್-ಟೇಲರ್ ಮತ್ತು ಪಾರಾವೆಲ್ ಕೆಲಸವನ್ನು ಹಂಚಿಕೊಳ್ಳುವುದೇ ಇಲ್ಲ; ನಿರ್ದೇಶನ, ಛಾಯಾಗ್ರಹಣ, ಸಂಕಲನ ಎಲ್ಲದರಲ್ಲೂ ಇಬ್ಬರೂ ಇದ್ದಾರೆ. ಅದೇ ಹಾರ್ವರ್ಡ್ ಪ್ರಯೋಗಾಲಯದಿಂದ ಬಂದ ಇನ್ನೊಂದು ಜೋಡಿ ಸ್ಟೆಫನಿ ಸ್ಪ್ರೇ ಮತ್ತು ಪಾಚೊ ವೆಲೆಸ್. ಇವರದು ಕಟ್ಟುನಿಟ್ಟಾದ ಹಂಚಿಕೆ. ಇವರ ‘ಮನಕಾಮನಾ’ (2013) ನೀವು ಮುಂದೆ ನೋಡಲೇಬೇಕಾದ ಚಿತ್ರ. ನನ್ನನ್ನು ಕೇಳಿದರೆ ‘ಲೆವಿಯಾಥನ್’ಗಿಂತ ಒಂದು ಕೈ ಮೇಲು.

ನೇಪಾಳದ ಗೋರ್ಖಾ ಜಿಲ್ಲೆಯ ಬೆಟ್ಟದ ಮೇಲೆ ಮನಕಾಮನಾ ದೇವಿಯ ಗುಡಿ ಇದೆ. ಹಿಂದೆ ಭಕ್ತರು ಗಂಟೆಗಟ್ಟಲೆ ಬೆಟ್ಟ ಹತ್ತುತ್ತಿದ್ದರು. 1998ರಲ್ಲಿ ರೋಪ್‌ವೇ ಬಂತು. ಹತ್ತು ನಿಮಿಷದ ಆಸುಪಾಸಿನ ಪಯಣ. 16 ಎಂಎಂ ಫಿಲ್ಮಿನ 400 ಅಡಿಯ ಒಂದು ಸುರುಳಿ ಓಡುವುದೂ ಹೆಚ್ಚುಕಡಿಮೆ ಅಷ್ಟೇ ಹೊತ್ತು. ಈ ಕಾಕತಾಳೀಯವೇ ಚಿತ್ರದ ಚೌಕಟ್ಟು. ತೊಟ್ಟಿಲಿನ ಒಳಗೆ ಒಂದು ಬದಿಯಲ್ಲಿ ಕ್ಯಾಮೆರಾ ಹಿಡಿದ ವೆಲೆಸ್, ಪಕ್ಕದಲ್ಲಿ ಧ್ವನಿ ಮುದ್ರಿಸುವ ಸ್ಪ್ರೇ, ಎದುರಿಗೆ ಪ್ರಯಾಣಿಕರು. ಒಂದು ಪಯಣಕ್ಕೆ ಒಂದೇ ಶಾಟ್. ಅಂಥ ಹನ್ನೊಂದು ಪಯಣಗಳು. ಸ್ಪ್ರೇ ನೇಪಾಳದಲ್ಲಿ ವರ್ಷಗಟ್ಟಲೆ ಓಡಾಡಿದವರು, ನೇಪಾಳಿ ಬಲ್ಲವರು; ಎದುರು ಕುಳಿತವರು ಹೊಸಬರ ಮುಂದೆ ಕುಳಿತಂತೆ ಬಿಗಿದುಕೊಂಡಿಲ್ಲದಿರುವುದಕ್ಕೆ ಇದೂ ಒಂದು ಕಾರಣ. ಇಬ್ಬರು ಹೆಂಗಸರು ಕರಗಿ ಸೋರುವ ಐಸ್‌ಕ್ರೀಮನ್ನು ನಗುತ್ತ, ಒದ್ದಾಡುತ್ತ ತಿನ್ನುತ್ತಾರೆ. ಇಬ್ಬರು ವಾದಕರು ಸಾರಂಗಿ ಶ್ರುತಿ ಮಾಡುತ್ತಾರೆ. ಒಂದು ಪಯಣದಲ್ಲಿ ಮನುಷ್ಯರೇ ಇಲ್ಲ; ತೆರೆದ ತೊಟ್ಟಿಲಿನಲ್ಲಿ ಕಟ್ಟಿದ ಆಡುಗಳು. ಕಂಬ ದಾಟುವಾಗ ತೊಟ್ಟಿಲು ಕುಲುಕುತ್ತದೆ, ಆಡುಗಳು ಬೆದರುತ್ತವೆ, ಮತ್ತೆ ಸುಮ್ಮನಾಗುತ್ತವೆ. ಗುಡಿಯಲ್ಲಿ ಬಲಿ ನಡೆಯುತ್ತದೆಂದು ಯಾವ ನಿರೂಪಕನೂ ಹೇಳುವುದಿಲ್ಲ. ಗುಡಿಯನ್ನು ಒಮ್ಮೆಯೂ ತೋರಿಸುವುದಿಲ್ಲ. ಕೆಳಗಿಳಿಯುವ ಪಯಣಗಳಲ್ಲಿ ಆಡುಗಳಿಲ್ಲ, ಅಷ್ಟೇ. ಹರಕೆ, ಬಲಿ, ಪ್ರವಾಸ, ಯಂತ್ರ ಎಲ್ಲವೂ ಒಂದು ಸೀಟಿನಲ್ಲಿ ಬಂದು ಕುಳಿತು ಹೋಗುತ್ತವೆ. ಧರ್ಮಸ್ಥಳ, ಕೊಲ್ಲೂರು ಬಸ್ಸುಗಳಲ್ಲಿ ಎದುರು ಸೀಟಿನವರನ್ನು ನೋಡುತ್ತ ಕುಳಿತ ನಮಗೆ ಇದು ಅರ್ಥವಾಗದ ಭಾಷೆಯೇನಲ್ಲ.

ಮೂರನೆಯ ಬಗೆಯ ಜೋಡಿಗೆ ಕ್ಯಾಮೆರಾವನ್ನು ಹೊರಗೆ ಒಯ್ಯುವ ಅಗತ್ಯವೇ ಇರಲಿಲ್ಲ. ಮಿಲಾನಿನ ಯೆರ್ವಾಂತ್ ಜಾನಿಕಿಯಾನ್ ಮತ್ತು ಆಂಜೆಲಾ ರಿಚ್ಚಿ ಲುಕ್ಕಿ ದಂಪತಿ. ಜಾನಿಕಿಯಾನ್ ವಾಸ್ತುಶಿಲ್ಪ ಓದಿದವರು, ಪತ್ನಿ ಆಂಜೆಲಾ ಚಿತ್ರಕಲೆ. 1980ರ ದಶಕದ ಆರಂಭದಲ್ಲಿ ಲೂಕಾ ಕೊಮೇರಿಯೊ ಎಂಬ ಹಳೆಯ ಛಾಯಾಗ್ರಾಹಕನ ಸಂಗ್ರಹ ಅವರ ಕೈಗೆ ಬಂತು. ಇಪ್ಪತ್ತನೆಯ ಶತಮಾನದ ಮೊದಲ ದಶಕಗಳ ಸಾಮ್ರಾಜ್ಯಶಾಹಿ ಪ್ರವಾಸ, ಬೇಟೆ, ಯುದ್ಧಗಳ ಚಿತ್ರಗಳು, ನಶಿಸುತ್ತಿದ್ದ ನೈಟ್ರೇಟ್ ಫಿಲ್ಮಿನಲ್ಲಿ. ಇವರು ಸ್ವತಃ ಒಂದು ಉಪಕರಣ ಕಟ್ಟಿಕೊಂಡು ಆ ಫಿಲ್ಮನ್ನು ಕೈಯಿಂದ ಸರಿಸುತ್ತ ಒಂದೊಂದೇ ಚೌಕವನ್ನು ಮತ್ತೆ ಚಿತ್ರಿಸಿಕೊಂಡರು. ವೇಗ ತಗ್ಗಿಸಿದರು, ಬಣ್ಣ ಬಳಿದರು, ಮೂಲೆಯಲ್ಲಿದ್ದ ಮುಖವೊಂದನ್ನು ಹತ್ತಿರ ತಂದರು. 1986ರಲ್ಲಿ ‘ಧ್ರುವದಿಂದ ಭೂಮಧ್ಯರೇಖೆಗೆ’ ಸಿದ್ಧವಾಯಿತು. ಧ್ರುವಪ್ರದೇಶದಲ್ಲಿ ಕರಡಿಯ ಬೇಟೆ, ಆಫ್ರಿಕಾದಲ್ಲಿ ಬಿಳಿಯರ ಬೇಟೆ. ಬ್ರಿಟಿಷ್ ಕಾಲದ ಭಾರತದ ದೃಶ್ಯಗಳೂ ಇವೆ. ಮೂಲದಲ್ಲಿ ಹೆಮ್ಮೆಯಿಂದ ತೆಗೆದ ಚಿತ್ರ ನಿಧಾನವಾದಾಗ ಆರೋಪಪಟ್ಟಿಯಾಗುತ್ತದೆ. ನಿರೂಪಣೆಯ ಒಂದು ಪದವನ್ನೂ ಸೇರಿಸಿಲ್ಲ. ಆಂಜೆಲಾ 2018ರಲ್ಲಿ ತೀರಿಕೊಂಡರು. ಅವರು ದಿನಚರಿ ಬರೆಯುತ್ತಿದ್ದವರು. ಪತಿ ಅದೇ ವರ್ಷ ಆ ದಿನಚರಿಗಳನ್ನೇ ಹಿಡಿದು ಒಂದು ಚಿತ್ರ ಮಾಡಿದರು.

ನಮ್ಮ ದೇಶದ್ದೇ ಬೇಕೆಂದರೆ ಅನುಷ್ಕಾ ಮೀನಾಕ್ಷಿ ಮತ್ತು ಈಶ್ವರ್ ಶ್ರೀಕುಮಾರ್ ಅವರ ‘ಖೋ ಕಿ ಪಾ ಲೂ’ (2017) ನೋಡಿ. ನಾಗಾಲ್ಯಾಂಡಿನ ಫೇಕ್ ಎಂಬಲ್ಲಿ ಗುಡ್ಡದ ಮೆಟ್ಟಿಲುಗದ್ದೆಗಳಲ್ಲಿ ಭತ್ತ ಬೆಳೆಯುವವರು ಅಗೆಯುವಾಗ, ನೆಡುವಾಗ, ಹೊರೆ ಹೊತ್ತು ಹತ್ತುವಾಗ ಹಾಡುತ್ತಾರೆ. ಒಬ್ಬರು ಎತ್ತಿದ ದನಿಗೆ ಇನ್ನೊಬ್ಬರು ಬೇರೆ ದನಿ ಕೊಡುತ್ತಾರೆ. ಇಲ್ಲಿ ಜನರು ಮಾತಾಡುತ್ತಾರೆ, ಗೆಳೆತನ, ಪ್ರೀತಿ, ಕೂಡಿ ದುಡಿಯುವುದು, ಎಲ್ಲದರ ಬಗ್ಗೆ. ಆದರೆ ಚಿತ್ರದ ಬೆನ್ನೆಲುಬು ಮಾತಲ್ಲ, ಕೆಲಸದ ಲಯ.

ಈಗ ನಿಮ್ಮ ದೋಣಿಗೆ ಬರೋಣ. ‘ಲೆವಿಯಾಥನ್’ ಥರ ಮಾಡಬೇಕೆಂದು ಹೊರಡಬೇಡಿ. ಅಂದು ಆ ಪುಟ್ಟ ಕ್ಯಾಮೆರಾ ಹೊಸದು, ಅದು ಕಂಡದ್ದೂ ಹೊಸದು. ಇಂದು ಅದೇ ಕೋನಗಳು ಬೈಕ್ ಸವಾರರ ವಿಡಿಯೊಗಳಲ್ಲೂ ಇವೆ. ಮೀನಿನ ರಾಶಿಯಲ್ಲಿ ಕ್ಯಾಮೆರಾ ಬಿಟ್ಟರೆ ನೋಡಿದವರು ಆ ಚಿತ್ರವನ್ನು ನೆನೆಯುತ್ತಾರೆ, ಮಲ್ಪೆಯನ್ನಲ್ಲ.

ನಿಮ್ಮ ಗೆಳೆಯರನ್ನು ಕೂರಿಸಿಕೊಂಡು, ಆ ಚಿತ್ರದಲ್ಲಿ ಏನು ಸಿಗಲಿಲ್ಲವೆಂದು ಸಿಟ್ಟು ಬಂತು ಎಂದು ಕೇಳಿ, ಬರೆದುಕೊಳ್ಳಿ. ನನ್ನ ಊಹೆ ಹೀಗಿದೆ: ಆ ದೋಣಿ ಯಾರದು, ಹಿಡಿದ ಮೀನಿನಲ್ಲಿ ಯಾರಿಗೆಷ್ಟು ಪಾಲು, ಆ ಮನುಷ್ಯರ ಹೆಸರೇನು ಎಂಬುದು ಚಿತ್ರದಲ್ಲಿ ಗೊತ್ತಾಗುವುದಿಲ್ಲ. ಮನುಷ್ಯ, ಮೀನು, ಹಕ್ಕಿ, ಸರಪಳಿ ಎಲ್ಲಕ್ಕೂ ಒಂದೇ ತೂಕ ಕೊಡುವುದು ಅವರ ತತ್ವ. ಕೊನೆಯ ಹೆಸರುಪಟ್ಟಿಯಲ್ಲಿ ಮೀನುಗಳ ವೈಜ್ಞಾನಿಕ ಹೆಸರುಗಳೂ ಬರುತ್ತವೆ. ಆ ತತ್ವ ಸೊಗಸೇ. ಆದರೆ ದುಡಿಯುವವನೂ ಮೀನೂ ಒಂದೇ ಎನ್ನುವುದು ದುಡಿಯುವವನಿಗೆ ಎಷ್ಟರಮಟ್ಟಿಗೆ ನ್ಯಾಯ? ನಿಮ್ಮ ಗೆಳೆಯರ ಸಿಟ್ಟಿನಲ್ಲಿ ಈ ಪ್ರಶ್ನೆ ಇದ್ದರೆ ನಿಮ್ಮ ಚಿತ್ರ ಅಲ್ಲಿಂದ ಶುರುವಾಗುತ್ತದೆ. ಮಲ್ಪೆಯ ಆಳಸಮುದ್ರದ ಬೋಟಿನಲ್ಲಿ ತಂಡೇಲರು (ಬೋಟು ನಡೆಸುವವರು) ತುಳು ಮಾತಾಡಬಹುದು, ಜೊತೆಗೆ ದುಡಿಯುವವರಲ್ಲಿ ಉತ್ತರ ಕನ್ನಡದವರೂ ಒಡಿಶಾದವರೂ ಆಂಧ್ರದವರೂ ಇರಬಹುದು. ದಿನಗಟ್ಟಲೆ ದಡ ಕಾಣದೆ ಒಂದೇ ಹಲಗೆಯ ಮೇಲೆ ಇವರೆಲ್ಲ ಯಾವ ಭಾಷೆಯಲ್ಲಿ ಬೈದುಕೊಳ್ಳುತ್ತಾರೆ, ಯಾವ ಭಾಷೆಯಲ್ಲಿ ಮನೆಗೆ ಫೋನ್ ಮಾಡಲು ಸಿಗ್ನಲ್‌ಗಾಗಿ ಕಾಯುತ್ತಾರೆ? ನ್ಯೂ ಬೆಡ್‌ಫರ್ಡಿನ ಚಿತ್ರದಲ್ಲಿ ಮಾತು ಎಂಜಿನ್ ಸದ್ದಿನಲ್ಲಿ ಮುಳುಗಿಹೋಗುತ್ತದೆ. ನೀವು ಅದನ್ನು ಮುಳುಗಿಸಬೇಕಾಗಿಲ್ಲ.

ನಿರೂಪಣೆ ಬೇಡ ಎಂದರೆ ಮಾತೇ ಬೇಡ ಎಂದರ್ಥವಲ್ಲ. ಇದನ್ನು ‘ಲೆವಿಯಾಥನ್’ ಜೋಡಿಯೇ ಮುಂದೆ ತೋರಿಸಿಕೊಟ್ಟಿತು. ಅವರ 2022ರ ‘ದೆ ಹ್ಯುಮಾನಿ ಕಾರ್ಪೊರಿಸ್ ಫ್ಯಾಬ್ರಿಕಾ’ ಪ್ಯಾರಿಸ್ಸಿನ ಆಸ್ಪತ್ರೆಗಳಲ್ಲಿ ವರ್ಷಗಟ್ಟಲೆ ಚಿತ್ರಿಸಿದ್ದು. ಹೆಸರು ವೆಸಾಲಿಯಸ್‌ನ 1543ರ ಅಂಗರಚನಾ ಗ್ರಂಥದ್ದು. ಪರದೆಯ ಮೇಲೆ ದೇಹದ ಒಳಗಿನ ಗುಹೆಗಳು, ಶಸ್ತ್ರಚಿಕಿತ್ಸೆಯ ಉಪಕರಣಗಳೇ ಕಂಡ ದೃಶ್ಯ. ಕಿವಿಗೆ ಮಾತ್ರ ವೈದ್ಯರ, ದಾದಿಯರ ದಿನನಿತ್ಯದ ಹರಟೆ, ಗೊಣಗಾಟ, ಕೆಲಸದ ಹೊರೆಯ ದೂರು. ನೋಡಿದ್ದಕ್ಕೂ ಕೇಳಿದ್ದಕ್ಕೂ ನಡುವೆ ಬಿಟ್ಟ ಆ ಅಂತರದಲ್ಲಿ ಒಂದು ಸಾರ್ವಜನಿಕ ಆಸ್ಪತ್ರೆಯ ಸ್ಥಿತಿ ನಮಗೆ ತಾನಾಗಿ ತಿಳಿಯುತ್ತದೆ. (ಸೂಜಿ ಕಂಡರೆ ತಲೆ ತಿರುಗುವವರು ಊಟಕ್ಕೆ ಮುಂಚೆ ನೋಡಬೇಡಿ, ಕಣ್ಣಿನ ಶಸ್ತ್ರಚಿಕಿತ್ಸೆಯೂ ಇದೆ.)

ಕೆಲಸದ ಕ್ರಮದ ಬಗ್ಗೆ ಎರಡು ಮಾತು. ಧ್ವನಿಗೆ ಒಬ್ಬರು ಪೂರ್ತಿ ಮೀಸಲಾಗಿರಲಿ. ನೀರು ಹೋಗದಂತೆ ಮುಚ್ಚಿದ ಕ್ಯಾಮೆರಾದ ಮೈಕ್ ಕಿವುಡಾಗುತ್ತದೆ. ‘ಲೆವಿಯಾಥನ್’ನ ಆ ಭಯಂಕರ ಗದ್ದಲವೂ ತಾನಾಗಿ ಬಂದದ್ದಲ್ಲ, ಅರ್ನ್ಸ್ಟ್ ಕರೇಲ್ ಅವರಂಥ ಪಳಗಿದ ಧ್ವನಿ ಕಲಾವಿದರ ದುಡಿಮೆ ಅದರ ಹಿಂದಿದೆ. ಒಂದು ಸುತ್ತು ಕ್ಯಾಮೆರಾ ನೀವು ಹಿಡಿದರೆ ಮುಂದಿನ ಸುತ್ತು ಗೆಳೆಯರು ಹಿಡಿಯಲಿ. ತೆಗೆದದ್ದನ್ನು ಇಬ್ಬರೂ ಒಟ್ಟಿಗೆ ನೋಡಿ, ಆದರೆ ಉಳಿಸಬೇಕಾದ ಶಾಟ್‌ಗಳ ಪಟ್ಟಿಯನ್ನು ಬೇರೆ ಬೇರೆ ಬರೆಯಿರಿ. ಎರಡರಲ್ಲೂ ಇರುವುದು ಹೇಗೂ ಉಳಿಯುತ್ತದೆ. ಒಬ್ಬರ ಪಟ್ಟಿಯಲ್ಲಿ ಮಾತ್ರ ಇರುವ ಶಾಟ್‌ಗಳ ಮೇಲೆ ಜಗಳವಾಡಿ. ‘ಚೆನ್ನಾಗಿದೆ’ ಎಂಬುದು ಕಾರಣವಲ್ಲ ಎಂಬ ಒಪ್ಪಂದವಿರಲಿ. ‘ಇಲ್ಲಿ ಅವನ ಕೈ ಬಲೆಯಿಂದ ಏಡಿ ಬಿಡಿಸುವಾಗ ಕಣ್ಣು ಬೇರೆಲ್ಲೋ ಇದೆ’ ಎಂಬುದು ಕಾರಣ. ಹೀಗೆ ಗೆದ್ದ ಶಾಟ್ ಎಷ್ಟು ಉದ್ದವಿರಬೇಕೆಂಬುದೂ ಆ ಜಗಳದಲ್ಲೇ ತೀರ್ಮಾನವಾಗುತ್ತದೆ.

ಹೆಲ್ಮೆಟ್ಟಿಗೋ ಎದೆಗೋ ಕ್ಯಾಮೆರಾ ಕಟ್ಟುವ ಮುಂಚೆ ಒಂದು ವಿಷಯ ಗಮನಿಸಿ. ಕಟ್ಟಿಸಿಕೊಂಡವನಿಗೆ ಬೇಡ ಎನ್ನುವ ಸ್ವಾತಂತ್ರ್ಯ ನಿಜಕ್ಕೂ ಇದೆಯೇ? ಬೋಟಿನ ಮಾಲೀಕರು ಒಪ್ಪಿದರೆ ಕಲಾಸಿಯೂ (ಬೋಟಿನಲ್ಲಿ ದುಡಿಯುವವನೂ) ಒಪ್ಪಿದಂತೆ ಅಲ್ಲ. ಒಬ್ಬೊಬ್ಬರನ್ನೂ ಅವರ ಭಾಷೆಯಲ್ಲಿ, ಮಾಲೀಕರಿಲ್ಲದಾಗ ಕೇಳಿ. ಮೊದಲ ಸಂಕಲನವನ್ನು ಅವರಿಗೇ ತೋರಿಸಿ. ಎಲ್ಲಿ ನಗುತ್ತಾರೆ, ಎಲ್ಲಿ ಎದ್ದು ಹೋಗುತ್ತಾರೆ ನೋಡಿಕೊಳ್ಳಿ.

ಶುರು ಮಾಡುವ ಹೊತ್ತು ಯಾವುದು ಎಂದರೆ ಮೀನುಗಾರಿಕೆ ನಿಂತ ಮೇಲೆ. ಜೂನ್ 1ರಿಂದ ಜುಲೈ 31ರವರೆಗೆ 61 ದಿನ ನಮ್ಮ ಕರಾವಳಿಯಲ್ಲಿ ಯಾಂತ್ರೀಕೃತ ದೋಣಿಗಳಿಗೆ ನಿಷೇಧವಿರುತ್ತದೆ. ಬೋಟುಗಳು ದಡದಲ್ಲಿರುತ್ತವೆ, ಬಲೆ ದುರಸ್ತಿಗೆ ಬಿಚ್ಚಿಕೊಂಡಿರುತ್ತದೆ, ತಂಡೇಲರಿಗೆ ಮಾತಾಡಲು ಪುರುಸೊತ್ತಿರುತ್ತದೆ. ಆ ಎರಡು ತಿಂಗಳು ಕ್ಯಾಮೆರಾ ಮನೆಯಲ್ಲಿಟ್ಟು ರೆಕಾರ್ಡರ್ ಒಂದನ್ನೇ ಹಿಡಿದು ಹೋಗಿ. ಆಗಸ್ಟಿನಲ್ಲಿ ಬೋಟು ಹೊರಡುವ ಹೊತ್ತಿಗೆ ನಿಮಗೆ ಯಾವ ಬೋಟು ಏರಬೇಕೆಂದು ಗೊತ್ತಿರುತ್ತದೆ, ಅವರಿಗೂ ನಿಮ್ಮನ್ನು ಹತ್ತಿಸಿಕೊಳ್ಳಬೇಕೋ ಬೇಡವೋ ಎಂದು ಗೊತ್ತಿರುತ್ತದೆ.